ಹೇರಳೆ ಮರದ ಕಟ್ಟೆ

ಕುಂಬಾರಕೊಪ್ಪಲಿನ ಲಿಂಗರಾಜು ಮೇಸ್ತ್ರಿಗೆ ಸಿಮೆಂಟು ಕಲಸದೆ ಪ್ರೀತಿ ತೋರಿಸುವುದು ಗೊತ್ತಿರಲಿಲ್ಲ. ಹೆಂಡತಿ ಭಾಗ್ಯಮ್ಮನಿಗೆ ಮಂಡಿನೋವು ಬಂದು ನೆಲದ ಮೇಲೆ ಕೂರುವುದು ಕಷ್ಟವಾದಾಗ, ಬೇರೆ ಗಂಡನಾದರೆ ಒಂದು ಬಾಟಲಿ ಎಣ್ಣೆ ತಂದುಕೊಡುತ್ತಿದ್ದ. ಈತ ಮೂರು ಮೂಟೆ ಸಿಮೆಂಟು ತಂದ. ಹಿತ್ತಲಿನ ಹೇರಳೆ ಮರದ ಸುತ್ತ ಮೊಣಕಾಲೆತ್ತರದ ದುಂಡು ಕಟ್ಟೆ ಕಟ್ಟಿ, ಒಳಗೆಲ್ಲ ಮಣ್ಣು ತುಂಬಿ, ಮೇಲೆ ಕೆಂಪು ಗಾರೆ ಎಳೆದು, ಮುಖ ಕಾಣುವ ಹಾಗೆ ನುಣುಪು ಮಾಡಿದ. ಹಾಕಿದ ನೀರೆಲ್ಲ ಬುಡಕ್ಕೇ ಇಳಿಯಲಿ ಅಂತ ಕಾಂಡದ ಸುತ್ತ ಒಂದು ಗೇಣು ಮಾತ್ರ ತೆರವು ಬಿಟ್ಟ. ಇದು ಹೋದ ದಸರಾಕ್ಕೆ ಮುಂಚಿನ ಮಾತು.

ಯುಗಾದಿ ಹೊತ್ತಿಗೆ ಮರ ಸೊರಗಿತು. ಎಲೆಯ ನರಗಳು ಹಳದಿಯಾದವು, ಸುಂಡೇಕಾಯಿ ಗಾತ್ರದ ಪೀಚುಗಳು ಉದುರಿದವು, ಕಟ್ಟೆಗಿಂತ ಸ್ವಲ್ಪ ಮೇಲೆ ತೊಗಟೆ ಸೀಳಿ ಅಂಟು ಸೋರತೊಡಗಿತು. ಅದೇನು ಸಂತೆಯಲ್ಲಿ ಕೊಂಡ ಗಿಡವಲ್ಲ. ಭಾಗ್ಯಮ್ಮ ಬೋಗಾದಿಯ ತವರಿನಿಂದ ಮಡಿಲಲ್ಲಿ ಇಟ್ಟುಕೊಂಡು ಬಂದ ಸಸಿ. ಆ ಮನೆ, ಆ ಹಿತ್ತಲು ಎಲ್ಲ ಬಡಾವಣೆಯಾಗಿ ಎಷ್ಟೋ ವರ್ಷವಾಗಿತ್ತು. ತವರು ಅಂತ ಅವಳಿಗೆ ಉಳಿದಿದ್ದು ಇದೊಂದೇ.

"ಯಾರ್ದೋ ಕಣ್ ಬಿದ್ದದೆ" ಅಂದ ಮೇಸ್ತ್ರಿ. ಭಾಗ್ಯಮ್ಮ ಉಪ್ಪು ಮೆಣಸಿನಕಾಯಿ ನಿವಾಳಿಸಿದಳು. ಅವನು ದಿನಕ್ಕೆ ನಾಲ್ಕು ಕೊಡ ನೀರು ಹೆಚ್ಚಿಗೆ ಸುರಿದ. ಅದೂ ಸಾಲದೆ, ಅಂಟು ಸೋರುವ ಸೀಳಿಗೆ ಒಂದು ಕರಣೆ ಸಿಮೆಂಟು ಮೆತ್ತಿ, ಸೋರಿಕೆ ನಿಂತಿತು ಅಂತ ಮೀಸೆ ತಿರುವಿದ. ಅಲ್ಲ, ಮರವೇನು ತಾರಸಿಯೇ? ಎಂಟೇ ದಿನಕ್ಕೆ ಪಕ್ಕದಲ್ಲಿ ಇನ್ನೆರಡು ಕಡೆ ಒಸರಿತು.

ಎದುರುಮನೆಗೆ ಸೊಸೆಯಾಗಿ ಬಂದಿದ್ದ ಮಂಜುಶ್ರೀ ತೋಟಗಾರಿಕೆ ಓದಿದವಳು. ಒಂದು ಭಾನುವಾರ ಭಾಗ್ಯಮ್ಮ ಅವಳನ್ನು ಕರೆತಂದು ತೋರಿಸಿದಳು. ಹುಡುಗಿ ಉಗುರಿನಿಂದ ತೊಗಟೆ ಕೆರೆದು, ಮೂಸಿ ನೋಡಿ ಮುಖ ಸಪ್ಪಗೆ ಮಾಡಿಕೊಂಡಳು.

"ನಿಂಬೆ, ಕಿತ್ತಳೆ, ಹೇರಳೆ, ಈ ಜಾತಿ ಯಾವುದಕ್ಕೂ ಕಾಂಡಕ್ಕೆ ಒದ್ದೆ ಮಣ್ಣು ತಾಕಿಕೊಂಡಿರಬಾರದು ಕಣಮ್ಮ. ಮಣ್ಣಲ್ಲಿರೋ ಬೂಷ್ಟು ತೊಗಟೆಗೆ ಹತ್ತಿ ಕೊಳೆಸುತ್ತೆ. ಕೊಳೆ ಸುತ್ತಲೂ ಬಳೆ ಥರ ಕೂಡಿಕೊಂಡರೆ ಮರ ಉಳಿಯಲ್ಲ. ಮಳೆ ಹಿಡಿಯೋದ್ರೊಳಗೆ ಮಣ್ಣು ತೆಗೆದು, ಕೊಳೆತಿದ್ದು ಕೆತ್ತಿ, ಮೈಲುತುತ್ತ ಸುಣ್ಣ ಕಲಸಿ ಹಚ್ಚಬೇಕು." ಆಮೇಲೆ ಪಕ್ಕದಲ್ಲೇ ನಿಂತಿದ್ದ ಲಿಂಗರಾಜುವಿನ ಕಡೆ ತಿರುಗಿದಳು. "ಮೇಸ್ತ್ರಿಗಳೇ, ಕಟ್ಟೆ ಒಡೀಬೇಕು."

"ಕಟ್ಟೆ ಇರ್ಲಿ, ಮಣ್ ಮಾತ್ರ ಬಗೆದ್ರಾಯ್ತದೆ."

"ಆಗ ಮಳೆನೀರು ಬಾವಿ ಥರ ನಿಲ್ಲುತ್ತೆ."

"ನಲವತ್ ವರ್ಸದಲ್ಲಿ ಈ ಕೈ ಕಟ್ಟಿದ್ದು ಒಂದಿಟ್ಟಿಗೆ ಅಲ್ಲಾಡಿಲ್ಲ ಕಣವ್ವ! ನಿನ್ನೆ ಮೊನ್ನೆ ಓದ್ಕಂಡ್ ಬಂದು ನಂಗೇ ಯೋಳ್ತೀಯಾ?" ಟವೆಲು ಕೊಡವಿ ಹೆಗಲಿಗೆ ಹಾಕಿಕೊಂಡು ಹೊರಟೇಬಿಟ್ಟ. ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಅನ್ನುವ ಜಾತಿ.

ಭಾಗ್ಯಮ್ಮ ಜಗಳವಾಡಲಿಲ್ಲ. ಆಡಿದ್ದರೆ ಅವನಿಗೆ ಸುಲಭವಾಗುತ್ತಿತ್ತು. ಸಂಜೆ ಅವನು ಬಂದಾಗ ಉದುರಿದ ಪೀಚುಗಳನ್ನು ಮೊರಕ್ಕೆ ಆಯ್ದುಕೊಳ್ಳುತ್ತಾ, "ಬುಡ್ರಿ, ಇದ್ದಷ್ಟು ದಿನ ಇರ್ತದೆ" ಅಂದಳು. ಆ ರಾತ್ರಿ ಅವನಿಗೆ ಅನ್ನ ರುಚಿಸಲಿಲ್ಲ.

ಮಾರನೆಯ ದಿನ ವಿದ್ಯಾರಣ್ಯಪುರದಲ್ಲಿ ವಾಗೀಶ ಅನ್ನುವ ವಕೀಲರ ಮನೆಯ ರಿಪೇರಿ. ಅವರು ಹೊರಗೋಡೆಗೆ ಒರಗಿಸಿ ಹೂವಿನ ಪಾತಿ ಮಾಡಿಸಿದ್ದರು, ಒಳಗೆ ಆಳೆತ್ತರ ತೇವ ಏರಿತ್ತು. ಲಿಂಗರಾಜು ಕರಣೆಯ ಹಿಡಿಯಿಂದ ಗಾರೆ ತಟ್ಟುತ್ತಾ ಹೋದ. ಎಲ್ಲ ಟೊಳ್ಳು. "ಗೋಡೆಗೆ ಹಸಿಮಣ್ಣು ಒರಗ್ಸಿದ್ರೆ ಕೊಳೀದೆ ಇನ್ನೇನಾಯ್ತದೆ ಸ್ವಾಮಿ? ಎಷ್ಟ್ ಚೆಂದಾಗಿದ್ರೇನು, ಮೊದ್ಲು ಪಾತಿ ತೆಗೆಸಿ" ಅಂದ. ಅಂದವನು ಕರಣೆ ಹಿಡಿದೇ ಹೊರಗೆ ಬಂದ. ಊಟದ ಡಬ್ಬಿಯನ್ನೂ ಬಿಟ್ಟು ಸ್ಕೂಟರ್ ಹತ್ತಿದ.

ಮನೆಗೆ ಬಂದವನೇ ಅದೇ ಕರಣೆಯ ಹಿಡಿಯಿಂದ ಮರದ ಬುಡ ತಟ್ಟಿದ. ಟೊಳ್ಳು. ಇನ್ನೊಂದು ಪಕ್ಕ, ಟೊಳ್ಳು. ಹಿಂದೆ, ಟೊಳ್ಳು. ಮೂಡಣ ದಿಕ್ಕಿಗೆ ಬಂದಾಗ ಅಂಗೈ ಅಗಲದಷ್ಟು ಜಾಗ ಮಾತ್ರ ಗಟ್ಟಿಯಾಗಿ ಸದ್ದು ಕೊಟ್ಟಿತು. ಅಯ್ಯೋ ಶಿವನೇ, ಇಷ್ಟೇ ಉಳಿದಿದೆಯಲ್ಲ, ನನ್ನ ಕೈಯಾರೆ ನಾನೇ ಕೊಂದೆನಲ್ಲ ಅಂತ ಹಣೆ ಚಚ್ಚಿಕೊಂಡ. ನಾಚಿಕೆಯೂ ಆಯಿತು.

ಸುತ್ತಿಗೆ ತಂದ. ಮೊದಲ ಏಟು ಹಾಕುವಾಗ ಕಣ್ಣು ಮುಚ್ಚಿಕೊಂಡ. ಹಾಳಾದ್ದು, ಎಷ್ಟು ಗಟ್ಟಿ ಕಟ್ಟಿದ್ದ ಅಂದರೆ ಒಡೆಯಲು ಎರಡು ದಿನ ಹಿಡಿಯಿತು. ಕೂಲಿಯವರನ್ನು ಹತ್ತಿರ ಬಿಡಲಿಲ್ಲ.

ಆಮೇಲೆ ಎದುರುಮನೆ ಬಾಗಿಲಲ್ಲಿ ನಿಂತ. "ಬಾರವ್ವ. ಅವತ್ತು ಬಾಯಿಗ್ ಬಂದಂಗ್ ಮಾತಾಡ್ಬುಟ್ಟೆ."

ಮಂಜುಶ್ರೀ ನಕ್ಕು ಚಾಕು ಹಿಡಿದು ಬಂದಳು. ಬೇರು ಹೊರಡುವ ಜಾಗ ಕಾಣುವ ತನಕ ಮಣ್ಣು ಬಿಡಿಸಿ, ಕಂದು ತೊಗಟೆಯನ್ನು ಜೀವ ಇರುವ ಹಸಿರು ಸಿಗುವವರೆಗೆ ಕೆತ್ತಿದಳು. ಒಂದು ಪ್ಲಾಸ್ಟಿಕ್ ಬಕೆಟ್ಟಿನಲ್ಲಿ ಮೈಲುತುತ್ತ, ಇನ್ನೊಂದರಲ್ಲಿ ಸುಣ್ಣ ಕದಡಿ, ಎರಡನ್ನೂ ಕೂಡಿಸಿ, ಚಾಕುವಿನ ತುದಿ ಅದ್ದಿದಳು. ಕಬ್ಬಿಣದ ಮೇಲೆ ತಾಮ್ರದ ಬಣ್ಣ ಕೂತಿತು.

"ಸುಣ್ಣ ಸಾಲದು."

"ಸುಣ್ಣದ ಹದ ನಂಗ್ ಬುಡು" ಅಂದ ಮೇಸ್ತ್ರಿ. ಮತ್ತೆ ಅದ್ದಿದಾಗ ಚಾಕು ಬೆಳ್ಳಗೇ ಬಂತು. ಆ ನೀಲಿ ಲೇಪವನ್ನು ಬುಡದಿಂದ ಎರಡಡಿಯವರೆಗೆ ತಾನೇ ಬಳಿದ. ಅರಮನೆಯ ಗೋಡೆ ಕೊಟ್ಟಿದ್ದರೂ ಅಷ್ಟು ನಿಧಾನವಾಗಿ ಬಳಿಯುತ್ತಿರಲಿಲ್ಲ. ನೀರು ಬುಡಕ್ಕೆ ತಾಕದಂತೆ ಮಣ್ಣನ್ನು ಹೊರಕ್ಕೆ ಇಳಿಜಾರು ಮಾಡಿ, ಕೊಂಬೆಗಳ ಅಂಚಿನ ಕೆಳಗೆ ದುಂಡಗೆ ಪಾತಿ ತೆಗೆದ.

ಮಳೆಗಾಲ ಪೂರ್ತಿ ಕಾಫಿಗಿಂತ ಮುಂಚೆ ಮರದ ಬುಡ ನೋಡುವುದೇ ಅವನ ಕೆಲಸವಾಯಿತು. ಗೌರಿಹಬ್ಬ ಕಳೆದ ಮೂರನೆಯ ದಿನ ಹಿತ್ತಲಿನಿಂದ ಕೂಗಿದ. "ಭಾಗ್ಯಾ! ಬಾರೇ ಇಲ್ಲಿ, ಬಾ ಬೇಗ!"

ಕೊಂಬೆ ಕೊಂಬೆಯಲ್ಲೂ ಚಿಗುರು. ಕೆತ್ತಿದ ಗಾಯದ ಅಂಚಿನಲ್ಲಿ ಹೊಸ ತೊಗಟೆ ದಪ್ಪಗೆ ಮಡಿಚಿಕೊಂಡು ಬರುತ್ತಿತ್ತು. ಭಾಗ್ಯಮ್ಮ ಒಂದು ಎಳೆಯೆಲೆ ಹಿಸುಕಿ ಮೂಸಿದಳು, ಕಣ್ಣಲ್ಲಿ ನೀರು ಬಂತು. ಅವನಿಗೋ ಸಂತೋಷಕ್ಕೆ ಕೈ ಸುಮ್ಮನಿರಲಿಲ್ಲ.

"ನಿಂಗ್ ಕೂರೋಕೆ ಜಾಗ ಇಲ್ದಂಗಾಯ್ತಲ್ಲೇ. ಹತ್ತಡಿ ದೂರಕ್ಕೆ ಇನ್ನೊಂದ್ ಕಟ್ಟೆ ಕಟ್ಬುಡ್ಲಾ?"

"ಬ್ಯಾಡ ಕಣ್ರೀ." ಎಲೆಯನ್ನು ಸೆರಗಿನ ತುದಿಗೆ ಕಟ್ಟಿಕೊಳ್ಳುತ್ತಾ ಹೇಳಿದಳು. "ಬೇಜಾರ್ ಮಾಡ್ಕಬಾರ್ದು. ಆ ಕಟ್ಟೆ ಮೇಲೆ ಕೂತ್ರೆ ಮಂಡಿ ಇನ್ನೂ ನೋಯ್ತಿತ್ತು. ಗಾರೆ ತಣ್ಣಗೆ ಕೊರೆಯೋದು."

"ಮತ್ತೆ ದಿನಾ ಸಂಜೆ ಯಾಕ್ ಬಂದ್ ಕೂರ್ತಿದ್ದೆ?"

"ನೀವು ಕಟ್ಟಿದ್ರಲ್ಲ, ಅದ್ಕೆ."

ಲಿಂಗರಾಜು ಒಳಗೆ ಹೋಗಿ ಎರಡು ಪ್ಲಾಸ್ಟಿಕ್ ಕುರ್ಚಿ ಎತ್ತಿಕೊಂಡು ಬಂದ. ಎಲ್ಲಿ ಹಾಕಲಿ ಅಂತ, ಮದುವೆಯಾದ ಮೂವತ್ತೈದು ವರ್ಷದಲ್ಲಿ ಮೊದಲ ಸಲ, ಅವಳನ್ನು ಕೇಳಿದ.