ಖಾಲಿ ಗೂಡಿನ ನುಸಿ

ಅಪ್ಪನ ಮೈತುಂಬ ಕೆಂಪು ದದ್ದುಗಳೆದ್ದಿದ್ದವು. ಪೆಸ್ಟ್ ಕಂಟ್ರೋಲ್‌ನವನು ಅಪ್ಪನ ಕೋಣೆಯ ಕಿಟಕಿಯಾಚೆ ಇದ್ದ ಪಾರಿವಾಳದ ಗೂಡನ್ನು ಕಿತ್ತು ಚೀಲಕ್ಕೆ ಹಾಕಿ, ಸಂದಿ ಮುಚ್ಚಿದ.

"ಇದು ಹಕ್ಕಿ ರಕ್ತ ಕುಡಿಯೋ ನುಸಿ. ಹಾರಲ್ಲ, ನೆಗೆಯಲ್ಲ, ನಡ್ಕೊಂಡೇ ಬರುತ್ತೆ. ಹಕ್ಕಿಗಳು ಗೂಡು ಬಿಟ್ರೆ ಬಿಸಿ ಮೈ ಹುಡುಕ್ಕೊಂಡು ಒಳಗೆ ಬರುತ್ತೆ. ಹಾಸಿಗೆ ಬಟ್ಟೆನೆಲ್ಲ ಕುದಿಯೋ ನೀರಲ್ಲಿ ಒಗೀರಿ. ಹಕ್ಕಿಗಳು ಯಾಕೆ ಹೋದ್ವು?"

ದಿನಾ ಕಾಳು ಹಾಕುತ್ತಿದ್ದವಳು ಅಮ್ಮ. ಅವಳು ತೀರಿಕೊಂಡ ವಾರಕ್ಕೇ, ಗಲೀಜೆಂದು ಕಾಳಿನ ಬಟ್ಟಲು ಎಸೆದು ಹಕ್ಕಿಗಳನ್ನು ಓಡಿಸಿದವಳು ನಾನು. ಗೂಡನ್ನು ಮಾತ್ರ ತೆಗೆದಿರಲಿಲ್ಲ. ಅಪ್ಪನ ಕಡೆ ತಿರುಗಿ ಅವನನ್ನೇ ಗದರಿದೆ.

"ತಿಂಗಳಿಂದ ಕಚ್ಚಿಸ್ಕೊಂಡು ಬಾಯಿಗೆ ಬೀಗ ಹಾಕ್ಕೊಂಡು ಕೂತಿದ್ಯಲ್ಲಪ್ಪ."

ಅಪ್ಪ ಮೊಣಕೈ ಕೆರೆದುಕೊಳ್ಳುತ್ತ ಮೆಲ್ಲಗೆ ಹೇಳಿದ. "ಅವಳು ಹೋದ್ಮೇಲೆ ಈ ಕೋಣೆಗೆ ಬಂದಿದ್ದು ಅವು ಮಾತ್ರ ಕಣಮ್ಮ."

ನನ್ನ ಕೋಣೆಗೂ ಅವನ ಕೋಣೆಗೂ ನಡುವೆ ಇರುವುದು ಒಂದೇ ಗೋಡೆ.