ಅಣ್ಣ ಹೇಳಿದ ‘ರೈಟ್’

ಗೇಟಿನಾಚೆ ಎರಡನೇ ಸಾಲಿನ ಕುರ್ಚಿಗಳನ್ನು ಬಿಡಿಸಿ ಹಾಕುತ್ತಿದ್ದ ಡ್ರೈವರು, ಅತ್ತಿಗೆ ಬಾಗಿಲಿಗೆ ಬಂದು ನಿಂತದ್ದನ್ನು ಕಂಡೂ ಕಾಣದವನಂತೆ ತಲೆ ತಗ್ಗಿಸಿದ. ಅಣ್ಣ ಹೋದ ಸುದ್ದಿ ಕೇಳಿ ಎಲ್ಲರಿಗಿಂತ ಮೊದಲು ಓಡಿಬಂದವನು ಅವನೇ. ಹೊರಗಿನ ಕೆಲಸವನ್ನೆಲ್ಲ ಮೈಮೇಲೆ ಹಾಕಿಕೊಂಡಿದ್ದ. ಹೊಸ್ತಿಲು ಮಾತ್ರ ದಾಟಿರಲಿಲ್ಲ.

“ಒಳಗೆ ಬಾರಪ್ಪ. ಮುಖ ನೋಡಲ್ವಾ?”

“ಇಲ್ಲೇ ಇರ್ತೀನಿ ಅತ್ತಿಗೆ. ನಾನು ಒಳಗೆ ಬರೋದು ಅಣ್ಣನಿಗೆ ಇಷ್ಟ ಇರಲಿಲ್ಲ.”

“ಯಾರು ಹಾಗಂದಿದ್ದು?”

“ಅವನೇ.”

*

ಇಬ್ಬರೂ ವರ್ಷಗಟ್ಟಲೆ ಒಂದೇ ಬಸ್ಸಿನಲ್ಲಿ ದುಡಿದವರು. ಅಣ್ಣ ಕಂಡಕ್ಟರು, ಕಲ್ಲನ್ನೂ ಮಾತಾಡಿಸುವ ಬಾಯಿ. ತಮ್ಮ ಸ್ಟೀರಿಂಗ್ ಹಿಡಿದವನು, ಮಿತಭಾಷಿ. ಒಮ್ಮೆ ಬಸ್ಸು ಕಂಬಕ್ಕೆ ಗುದ್ದಿದಾಗ ಅಣ್ಣ ವಿಚಾರಣೆಯಲ್ಲಿ ಇದ್ದದ್ದನ್ನು ಇದ್ದ ಹಾಗೆ ಹೇಳಿಬಿಟ್ಟ. ತಮ್ಮನಿಗೆ ದೂರದ ಡಿಪೋಗೆ ವರ್ಗವಾಯಿತು. ಅಲ್ಲಿಗೆ ಮಾತು ಮುರಿದುಬಿತ್ತು.

ಅಣ್ಣನಿಗೆ ಸ್ಟ್ರೋಕ್ ಆಗಿದೆ ಎಂದು ತಿಳಿದ ಮೇಲೆ ಸಿಟ್ಟು ನುಂಗಿಕೊಂಡು ಒಂದು ಮಧ್ಯಾಹ್ನ ಬಂದಿದ್ದ. ಅಣ್ಣ ಒಬ್ಬನೇ ಕುರ್ಚಿಯಲ್ಲಿ ಕೂತಿದ್ದ.

“ಅಣ್ಣಾ, ಒಳಗೆ ಬರ್ಲಾ?”

ಅಣ್ಣನ ತುಟಿಗಳು ಏನನ್ನೋ ಹುಡುಕುವಂತೆ ತಡವರಿಸಿದವು. ಆಮೇಲೆ ಸ್ಪಷ್ಟವಾಗಿ, ಬಸ್ಸು ಹೊರಡಿಸಲು ಕೂಗುತ್ತಿದ್ದ ಅದೇ ದನಿಯಲ್ಲಿ, “ರೈಟ್!” ಎಂದ. ಮತ್ತೆ, “ರೈಟ್, ರೈಟ್!”

ಕಂಡಕ್ಟರು ರೈಟ್ ಎಂದರೆ ಡ್ರೈವರು ನಿಲ್ಲುವುದುಂಟೆ? ಬಂದ ಕಾಲಲ್ಲೇ ಹೊರಟುಹೋಗಿದ್ದ.

*

ಅವನು ಹೇಳಿ ಮುಗಿಸುವಷ್ಟರಲ್ಲಿ ಅತ್ತಿಗೆ ಗೇಟಿನ ಬಳಿ ಬಂದು ಒಂದು ಕುರ್ಚಿಗೆ ಕುಸಿದಿದ್ದಳು.

“ಅವತ್ತು ಬಂದಿದ್ದು ನೀನಾ? ನಾನು ಅಂಗಡಿಯಿಂದ ಬರೋ ಹೊತ್ತಿಗೆ ನಿಮ್ಮಣ್ಣ ಬಾಗಿಲಲ್ಲಿ ಬಿದ್ದಿದ್ರು. ರಸ್ತೆ ಕಡೆ ಕೈ ತೋರಿಸಿ ರೈಟ್ ರೈಟ್ ಅಂತ ಅಳ್ತಿದ್ರು. ಅವರಿಗೆ ಊಟಕ್ಕೂ ರೈಟ್, ನೀರಿಗೂ ರೈಟ್, ನನ್ನ ಕರೆಯೋಕೂ ರೈಟೇ ಕಣಪ್ಪ. ಬೇರೆ ಮಾತು ಎಲ್ಲಿ ಬರ್ತಿತ್ತು?”

ಅವನಿಗೆ ಅರ್ಥವಾಗಲಿಲ್ಲ. “ಬುದ್ಧಿಗೂ ಪೆಟ್ಟು ಬಿದ್ದಿತ್ತಾ?”

“ಬುದ್ಧಿ ಚೆನ್ನಾಗಿಯೇ ಇತ್ತು.” ಉತ್ತರ ಕೊಟ್ಟವಳು ಅತ್ತಿಗೆಯ ಹಿಂದೆಯೇ ಹೊರಗೆ ಬಂದಿದ್ದ, ವಾರವಾರ ಮನೆಗೆ ಬಂದು ಅಣ್ಣನಿಗೆ ಮಾತಿನ ಅಭ್ಯಾಸ ಮಾಡಿಸುತ್ತಿದ್ದ ಹೆಂಗಸು. “ಹೇಳಬೇಕಾದ ಮಾತು ಅವರಿಗೆ ಗೊತ್ತಿರ್ತಿತ್ತು. ಅದಕ್ಕೆ ನಾಲಿಗೆ, ತುಟಿ ಹೇಗೆ ತಿರುಗಿಸಬೇಕು ಅನ್ನೋದೇ ತಪ್ಪಿಹೋಗಿತ್ತು. ರೂಢಿಯಲ್ಲಿ ಬಂದ ಮಾತು ಮಾತ್ರ ತಾನಾಗೇ ಹೊರಗೆ ಬೀಳೋದು. ಬಾ ಅನ್ನೋಕೆ ಹೋದ್ರೂ ಅದೇ ಬಂದಿರತ್ತೆ.”

ಡ್ರೈವರು ಕೈಯಲ್ಲಿದ್ದ ಕುರ್ಚಿಯನ್ನು ಕೆಳಗಿಟ್ಟ. ಅವಳು ಮುಂದುವರಿಸಿದಳು.

“ಯಾವ ಮಾತು ಮೊದಲು ಕಲಿಯೋಣ ಅಂತ ಕೇಳಿದ್ದೆ. ನೀವಿಬ್ಬರೂ ಬಸ್ ಮುಂದೆ ನಿಂತಿರೋ ಫೋಟೋ ತೋರಿಸಿದ್ರು. ‘ತಮ್ಮ’ ಅನ್ನೋಕೆ ತಿಂಗಳುಗಟ್ಟಲೆ ಒದ್ದಾಡಿದ್ರು. ‘ತ’ ಬಂದ್ರೆ ‘ಮ್ಮ’ ಕೈಕೊಡ್ತಿತ್ತು.”

“ಕೊನೆಗಾದ್ರೂ ಬಂತಾ?”

“ಬಂತು. ಮೊನ್ನೆ ಎರಡು ಸಲ.”

“ಹೇಳಿಕಳಿಸ್ತೀನಿ ಅಂದೆ,” ಎಂದಳು ಅತ್ತಿಗೆ. “ಇರು, ಇನ್ನೂ ಚೆನ್ನಾಗಿ ಬರಲಿ ಅಂತ ಕೈಯಲ್ಲೇ ತಡೆದ್ರು. ಮಾತಿನ ಮಲ್ಲ ಅಲ್ವಾ, ನಿನ್ನ ಮುಂದೆ ತೊದಲೋಕೆ ನಾಚಿಕೆ.”

ಡ್ರೈವರಿಗೆ ಅಳುವಿನ ನಡುವೆಯೇ ನಗು ಬಂತು. ಎದೆಯ ಮೇಲೆ ಇಷ್ಟು ವರ್ಷ ಕೂತಿದ್ದ ಚಪ್ಪಡಿ ಸರಿದು ಉಸಿರು ಸಲೀಸಾಗಿ ಆಡಿತು. ಚಪ್ಪಲಿ ಬಿಟ್ಟು ಒಳಗೆ ಹೋದ. ಅಣ್ಣನ ಪಕ್ಕ ನೆಲದ ಮೇಲೆ ಕೂತು, ತಣ್ಣಗಿದ್ದ ಕೈಯನ್ನು ತನ್ನ ಎರಡೂ ಕೈಗಳಲ್ಲಿ ಹಿಡಿದುಕೊಂಡ. ಕಂಬದ ಕತೆಯಿಂದ ಹಿಡಿದು, ಹೇಳದೆ ಉಳಿದದ್ದನ್ನೆಲ್ಲ ಮೆಲ್ಲಗೆ ಹೇಳಿದ. ಮಿತಭಾಷಿ ಅಂದು ಮಾತಾಡಿದಷ್ಟು ಎಂದೂ ಮಾತಾಡಿರಲಿಲ್ಲ.

ಸಂಜೆ ಚಟ್ಟ ಹೊರಡುವಾಗ ಮುಂದಿನ ಹೆಗಲು ಅವನದಾಯಿತು. ಉಳಿದ ಮೂವರೂ ಅವನಿಗಿಂತ ಗಿಡ್ಡ. ಅಣ್ಣ ಒಂದು ಕಡೆಗೆ ವಾಲಬಾರದೆಂದು ಆ ಎತ್ತರದ ಆಳು ದಾರಿಯುದ್ದಕ್ಕೂ ಮಂಡಿ ಬಗ್ಗಿಸಿಕೊಂಡೇ ನಡೆದ.