ಲಿಂದಕ್ಕನ ಕೋಳಿ ಲೆಕ್ಕ

ಯಾರು ಹಾಸಿಗೆ ಹಿಡಿದರೆಂದು ತಿಳಿದರೂ ಎರ್ಮೆಲಿಂದಾ, ನಮಗೆಲ್ಲ ಲಿಂದಕ್ಕ, ರೋಗದ ಹೆಸರನ್ನು ವಿಚಾರಿಸಿದವರಲ್ಲ, ಏಪ್ರನ್ನಿನ ಗಂಟು ಬಿಗಿದುಕೊಳ್ಳುತ್ತ, "ಎಷ್ಟು ಕೋಳಿ ಬೇಕಾಗುತ್ತಂತೆ?" ಎಂದಷ್ಟೇ ಕೇಳುವರು. ಲಿಮಾ ನಗರದಂಚಿನ ನಮ್ಮ ಬೋಳುಗುಡ್ಡದಲ್ಲಿ ವ್ಯಾಧಿಯ ತೂಕ ತಿಳಿಯುವುದೇ ಹಾಗೆ. ಸರ್ಕಾರಿ ಆಸ್ಪತ್ರೆಯಲ್ಲಿ ವೈದ್ಯರು ಉಚಿತ, ಆದರೆ ಹೊಲಿಗೆಯ ದಾರದಿಂದ ಹತ್ತಿಯವರೆಗೆ ಎಲ್ಲವನ್ನೂ ಎದುರಿನ ಔಷಧದಂಗಡಿಯಿಂದ ನಾವೇ ತರಬೇಕು. ಸರದಿ ಕಾಯಲಾರದವರಿಗೆ ಖಾಸಗಿ ಕ್ಲಿನಿಕ್ಕು, ಅಲ್ಲಿ ಹೊಸ್ತಿಲಿನಿಂದಲೇ ಬಿಲ್ಲು. ಹಾಗಾಗಿ ರೋಗಿಯ ಮನೆಯವರು ಮೊದಲೇ ಊಟದ ಚೀಟಿ ಮಾರಿ, ಭಾನುವಾರ ಅಂಗಳದಲ್ಲಿ ಮಸಾಲೆ ಹಚ್ಚಿದ ಕೋಳಿ ಹುರಿಯುತ್ತಾರೆ, ಊರೆಲ್ಲ ಬಂದು ಉಣ್ಣುತ್ತದೆ, ಉಳಿದ ದುಡ್ಡು ಚಿಕಿತ್ಸೆಗೆ. ಅದಕ್ಕೆ ಪೊಯಾದಾ ಎನ್ನುತ್ತೇವೆ.

ಎಡಭುಜ ತಗ್ಗಿಸಿ ನಡೆಯುವ ಲಿಂದಕ್ಕನ ಆ ನಡಿಗೆ, ಉಗುರಿನಿಂದ ಎಂದೂ ಹೋಗದ ಒಣಮೆಣಸಿನ ಕೆಂಪು, ತೀರಿಹೋದ ಗಂಡನ ಕಂದು ಕೋಟು, ಇವಿಲ್ಲದ ಪೊಯಾದಾವನ್ನು ನಾವು ಕಂಡಿಲ್ಲ. ದುಡಿತವೆಲ್ಲ ತಮ್ಮದೇ ಆದರೂ ಮೊದಲ ಚೀಟಿಯನ್ನು ದುಡ್ಡು ಕೊಟ್ಟೇ ಕೊಳ್ಳುವ ಹಟ ಬೇರೆ.

ಅಂಥವರ ಪಿತ್ತಕೋಶದಲ್ಲೇ ಕಲ್ಲು ತುಂಬಿತು. ಶಸ್ತ್ರಚಿಕಿತ್ಸೆಗೆ ಆಸ್ಪತ್ರೆ ಕೊಟ್ಟ ತಾರೀಕು ಮುಂದಿನ ಚಳಿಗಾಲಕ್ಕೆ. ಅಷ್ಟರೊಳಗೆ ಪಿತ್ತಕೋಶ ಒಡೆದರೆ ಜೀವಕ್ಕೇ ಅಪಾಯವೆಂದು ವೈದ್ಯರೇ ಎಚ್ಚರಿಸಿದ್ದರು. ಪೊಯಾದಾ ಮಾಡೋಣವೆಂದರೆ, "ಸುಮ್ನಿರ್ರೋ, ನನ್ ಹೊಟ್ಟೆನೋವಿಗೆ ಊರಿನ್ ಜೇಬಿಗೆ ಕೈ ಹಾಕ್ಲಾ?" ಎಂದು ಬಾಯಿ ಮುಚ್ಚಿಸುವರು. ಕಡೆಗೆ ಪಕ್ಕದ ಮನೆಯ ಬಡಗಿ ಇಲಾರಿಯೋ ತನ್ನ ಮಂಡಿಗೆ ಶಸ್ತ್ರಚಿಕಿತ್ಸೆಯೆಂದು ಸುಳ್ಳು ಹೇಳಿ, ಕುಂಟಿಯೂ ತೋರಿಸಿದ. ಮಂಡಿಗೆ ಮೂವತ್ತು ಕೋಳಿ ಸಾಕೆಂದು ಲಿಂದಕ್ಕ ತೀರ್ಪು ಕೊಟ್ಟರು.

ಶನಿವಾರ ಮೊಣಕೈವರೆಗೆ ಮಸಾಲೆಯಲ್ಲಿ ಕೈಯಿಟ್ಟವರು, ಅಂಗಳದಲ್ಲಿ ರಾಶಿ ಬಿದ್ದಿದ್ದ ಕೋಳಿಗಳನ್ನು ಕಂಡು ತಡೆದರು.

"ಏನಯ್ಯಾ, ಒಂದ್ ಮಂಡಿಗೆ ಇಷ್ಟೊಂದಾ? ಬೆಳ್ಳೀದು ಹಾಕಿಸ್ಕೊಳ್ತಿದ್ದೀಯಾ?"

ಇಲಾರಿಯೋ ಕುಂಟುವುದನ್ನೂ ಮರೆತು ಹತ್ತಿರ ಬಂದ. "ಇದು ಮಂಡಿ ಲೆಕ್ಕ ಅಲ್ಲ ಲಿಂದಕ್ಕ, ನಿನ್ ಪಿತ್ತಕೋಶದ್ದು. ಚೀಟಿ ಎಲ್ಲಾ ನಿನ್ ಹೆಸರಲ್ಲೇ ಮಾರಿಹೋಗಿದೆ. ಇನ್ ನೀನ್ ಬೇಡ ಅನ್ನಂಗಿಲ್ಲ."

ಅವರ ಕಣ್ಣು ತುಂಬಿತು. ಮೆಣಸಿನ ಕೈಯಿಂದ ಒರೆಸಿಕೊಳ್ಳುವಂತೆಯೂ ಇರಲಿಲ್ಲ. ಇಲಾರಿಯೋನ ಹೆಂಡತಿಯೇ ಒರೆಸಿದಳು. ಲಿಂದಕ್ಕ ಮಸಾಲೆಯತ್ತ ತಿರುಗಿ, "ಹಾಗಾದ್ರೆ ಬೆಳ್ಳುಳ್ಳಿ ಸಾಲ್ದು, ಇನ್ನಷ್ಟು ಜಜ್ಜು" ಎಂದರು. ಮತ್ತೆ, "ಕೋಟಿನ್ ಜೇಬಲ್ಲಿ ದುಡ್ಡಿದೆ. ನನಗೂ ಒಂದ್ ಚೀಟಿ ತೆಗಿ."

ಇಂಥವರು ಪ್ರತಿಯೊಂದು ಗುಡ್ಡದಲ್ಲೂ ಒಬ್ಬರಿರುತ್ತಾರೆ. ಆಸ್ಪತ್ರೆ ಹೊರಬೇಕಾದ ಭಾರವನ್ನು ಒಲೆಯ ಮುಂದೆ ನಿಂತು ಹೊತ್ತು, ಅದನ್ನು ಉಪಕಾರವೆಂದು ಎಣಿಸದವರು. ಅವರ ಕೈಯಿಂದ ಉಣ್ಣುವುದು ಸುಲಭ. ಅವರಿಗೆ ಒಂದು ತುತ್ತು ಉಣಿಸಬೇಕಾದರೆ ಮಾತ್ರ ಊರಿಗೆ ಊರೇ ಸುಳ್ಳು ಹೇಳಬೇಕಾಗುತ್ತದೆ.